ಎಫೆಂದಿಯವರ ಅಪ್ಪಣೆ

ಹೋಲ್ತ್ಸ್‌ಬಾಖ್, ವೇಸರ್ ನದಿಯ ದಡ, ಜರ್ಮನಿ
೧೮ ಫೆಬ್ರವರಿ ೧೯೯೧, ಸೋಮವಾರ

ಮುದ್ದಿನ ತಂಗಿ ಸಬಿಹಾಗೆ,

ನಿನ್ನ ಎರಡೂ ಕಣ್ಣುಗಳಿಗೆ ಮುತ್ತಿಡುತ್ತೇನೆ. ನಿಮ್ಮ ಯಜಮಾನರಿಗೆ ಸಲಾಮು, ಮಕ್ಕಳಿಗೆ ದುವಾ. ನಿನ್ನ ಕಾಗದಗಳೆಲ್ಲ ತಲುಪಿವೆ. ಕೊನೆಯದರಲ್ಲಿ, "ಜರ್ಮನರು ಭಾವನ ಕೈಗೆ ಮುತ್ತಿಡೋಕೆ ಶುರು ಮಾಡಿದ ಮೇಲೆ ಅಕ್ಕನ ಕಣ್ಣಿಗೆ ನಮ್ಮೂರು ಕೈಸೇರಿ ಬೀಳ್ತಾನೇ ಇಲ್ಲ" ಎಂದು ಚುಚ್ಚಿದ್ದೀಯ. ಚುಚ್ಚಮ್ಮಾ, ನಿನಗೆ ಹಕ್ಕಿದೆ. ಬರೆಯಲು ಕೂತಾಗಲೆಲ್ಲ ಏನು ಹೇಳಲಿ, ಏನು ಬಿಡಲಿ ಎಂದು ತೋಚದೆ ಎದ್ದು ಹೋಗುತ್ತಿದ್ದೆ. ತಪ್ಪಾಯಿತು, ಕ್ಷಮಿಸು.

ನೀನು ಕಳಿಸಿದ ತರ್ಹಾನಾ ಹಿಟ್ಟಿನಲ್ಲಿ ಮೊನ್ನೆ ಎಲ್ಲರಿಗೂ ಸೂಪು ಕಾಯಿಸಿದೆ. ಮೊಸರಿನ ಹುಳಿಯ ಆ ಘಮಕ್ಕೆ ಅಮ್ಮನ ಅಡುಗೆಮನೆಯೇ ಎದ್ದು ಬಂದಂತಾಯಿತು. ಇಲ್ಲಿನವರು ಅದನ್ನೂ ಕಣ್ಣುಮುಚ್ಚಿ, ಚಮಚ ಚಮಚಕ್ಕೂ ಉಸಿರೆಳೆದು ಕುಡಿದರು. ಅಲ್ಲ ಕಣೇ, ಸೂಪನ್ನು ಸೂಪಿನ ಹಾಗೆ ಕುಡಿದರೆ ಇವರ ಗಂಟೇನು ಹೋಗುತ್ತದೆ? ನಗಬೇಡ, ಒಳ್ಳೆಯ ಜನ. ನನ್ನನ್ನು "ಅಮ್ಮಾ" ಎನ್ನುತ್ತಾರೆ, ಒಂದು ಬಕೆಟ್ ನೀರು ಎತ್ತಲೂ ಬಿಡುವುದಿಲ್ಲ. ಕೆಟ್ಟವರಾಗಿದ್ದರೆ ಬೈದು ಎದ್ದು ಬರಬಹುದಿತ್ತು. ಒಳ್ಳೆಯವರನ್ನು ಏನು ಮಾಡುವುದು?

ನಿನ್ನ ಭಾವ ಈ ದೇಶಕ್ಕೆ ಬಂದದ್ದು ಕಾರ್ಖಾನೆಯಲ್ಲಿ ಬೆಸುಗೆ ಹಾಕುವುದಕ್ಕೆ, ನಿನಗೇ ಗೊತ್ತು. ಅಜ್ಜನಿಂದ ಕಲಿತ ಜಿಕ್ರನ್ನು, ಅಲ್ಲಾಹನ ನಾಮಸ್ಮರಣೆಯನ್ನು, ಪಾಳಿ ಮುಗಿದ ಮೇಲೆ ಬಟ್ಟೆ ಬದಲಿಸುವ ಕೋಣೆಯ ಮೂಲೆಯಲ್ಲಿ ಕೂತು ಹೇಳಿಕೊಳ್ಳುತ್ತಿದ್ದರು. ಅದು ಒಬ್ಬ ಜರ್ಮನನ ಕಿವಿಗೆ ಬಿತ್ತು. ಅವನು ಇನ್ನಿಬ್ಬರನ್ನು ಕರೆತಂದ. ಅವರು ಊರನ್ನೇ ಕರೆತಂದರು. ಇವರಿಗೆ ನಿವೃತ್ತಿಯಾದ ಮೇಲೆ ಶಿಷ್ಯರೆಲ್ಲ ಸೇರಿ ಮುಚ್ಚಿಹೋದ ಈ ಹಳ್ಳಿ ಶಾಲೆಯನ್ನು ಕೊಂಡರು, ನಮ್ಮನ್ನು ತಂದು ಒಳಗೆ ಕೂರಿಸಿದರು. ಬೆಸುಗೆಯ ಫೇಯ್ಜಿ ಹೋಗಿ ಇವರ ಗುರು ಷೇಖ್ ಫೇಯ್ಜಿ ಎಫೆಂದಿಯಾದರು. ಅವರ ಮಾತಿನಲ್ಲಿ ಸತ್ವವಿತ್ತು ಸಬಿಹಾ, ಸುಳ್ಳು ಹೇಳಲಾರೆ. ಬಂದವರ ಅಳು ನಿಲ್ಲಿಸುತ್ತಿದ್ದರು. ಕುಡಿತ ಬಿಟ್ಟವರಿದ್ದಾರೆ, ಸಾಯಲು ಹೊರಟು ಬದುಕಿ ಉಳಿದವರಿದ್ದಾರೆ.

ಈಗ ಅವರಿಗೆ ಮರೆವು ಬಂದಿದೆ. ಎರಡು ಚಳಿಗಾಲಗಳಾದವು. ವಯಸ್ಸಾದವರ ಸಣ್ಣಪುಟ್ಟ ಮರೆವಲ್ಲ. ನಮಾಜಿನ ನಡುವೆ ನಿಂತುಬಿಡುತ್ತಾರೆ, ಮುಂದೇನು ಎಂದು ತಿಳಿಯದೆ. ಊಟವಾದ ಮೇಲೆ ಊಟ ಕೇಳುತ್ತಾರೆ. ತೀರಿಹೋದ ತಮ್ಮನಿಗೆ ಬಾಗಿಲು ತೆರೆಯಲು ಹೇಳುತ್ತಾರೆ. ನಾನಿದನ್ನು ಯಾರ ಮುಂದೆ ಹೇಳಿಕೊಳ್ಳಲಿ? ನಮಾಜಿನಲ್ಲಿ ನಿಂತರೆ, "ಎಫೆಂದಿ ಲೀನವಾದರು" ಎಂದು ಹಿಂದಿನ ಸಾಲೆಲ್ಲ ಉಸಿರು ಬಿಗಿಹಿಡಿದು ನಿಲ್ಲುತ್ತದೆ. ಊಟ ಮರೆತರೆ ಉಪವಾಸ, ಮಾತು ಮರೆತರೆ ಮೌನ.

ಬೂಟಿನ ಕಥೆ ಕೇಳು. ಈ ಸೂಫಿ ದಾರಿಯವರು ಬಾಗಿಲಲ್ಲಿ ಬೂಟು ಬಿಡುವಾಗ ಅದರ ಮೂತಿ ಒಳಗಡೆಗೇ ಇರಬೇಕು. ಯಾರ ಬೂಟನ್ನಾದರೂ ಷೇಖರು ಹೊರಗಡೆಗೆ ತಿರುಗಿಸಿಟ್ಟರೆ, ನಿನಗೂ ಈ ಮನೆಗೂ ಋಣ ತೀರಿತು ಎಂದರ್ಥ. ಬಾಯಿಬಿಟ್ಟು ಹೇಳುವುದಿಲ್ಲ, ಅಷ್ಟೇ. ಡಿಸೆಂಬರಿನಲ್ಲಿ ಒಂದು ಬೆಳಿಗ್ಗೆ ನೋಡಿದರೆ ಸಾಲಿಗೆ ಸಾಲೇ ಹೊರಕ್ಕೆ ತಿರುಗಿದೆ! ನಿನ್ನ ಭಾವ ನಸುಕಿನಲ್ಲೆದ್ದು ತಮ್ಮ ಬೂಟು ಯಾವುದೆಂದು ತಿಳಿಯದೆ ಒಂದೊಂದನ್ನೇ ಎತ್ತಿ ನೋಡಿ ಇಟ್ಟಿದ್ದರು. ನಾನು ಕಣ್ಣಾರೆ ಕಂಡಿದ್ದೆ. ಹೇಳುವಷ್ಟರಲ್ಲಿ ಮನೆಯಲ್ಲಿ ಗೋಳೋ ಎಂದು ಅಳು. ಮೊದಲಿನಿಂದ ಇರುವ ಗೆರ್‌ಹಿಲ್ಡ್, ಗಂಡಸರನ್ನೂ ಗದರುವ ಹೆಂಗಸು, ಪೆಟ್ಟಿಗೆ ಕಟ್ಟಿಬಿಟ್ಟಿದ್ದಳು. ಎಲ್ಲರೂ ಹೋಗಿ ಹಿಮದಲ್ಲಿ ಕೂತರು, ಕ್ಷಮೆ ಸಿಗುವವರೆಗೆ ಏಳುವುದಿಲ್ಲವೆಂದು. "ಅಯ್ಯೋ ಮಂಕುಗಳಾ, ಅವರು ತಮ್ಮ ಬೂಟು ಹುಡುಕ್ತಿದ್ರು ಕಣ್ರೋ!" ಎಂದು ಕೂಗಿದೆ. "ಅಮ್ಮ ನಮ್ಮನ್ನ ಉಳಿಸೋಕೆ ಹಾಗಂತಾರೆ" ಎಂದು ಇನ್ನಷ್ಟು ಅತ್ತರು. ಕೊನೆಗೆ ನಿನ್ನ ಭಾವ ಕಿಟಕಿಯಿಂದ ತಲೆ ಹೊರಹಾಕಿ, "ಇಷ್ಟು ಚಳೀಲಿ ಯಾಕ್ರಪ್ಪಾ ಕೂತಿದೀರಿ? ಬನ್ನಿ, ಟೀ ಕುಡೀರಿ" ಎಂದರು. ಅಲ್ಲಿಗೆ ಕ್ಷಮೆ ಸಿಕ್ಕಿತಂತೆ. ಗೆರ್‌ಹಿಲ್ಡ್ ನನ್ನ ಹೆಗಲ ಮೇಲೆ ತಲೆಯಿಟ್ಟು, "ಇಂಥ ಪಾಠ ಹುಟ್ಟಿದ ಮೇಲೆ ಕಂಡಿಲ್ಲ ಅಮ್ಮಾ" ಎಂದಳು. ನಾನು ಟೀ ಸೋಸಿದೆ.

ಶಿಷ್ಯರಲ್ಲಿ ಹಿರಿಯ ಫೋಲ್ಕ್‌ಮಾರ್. ಓದಿದ್ದು ವೈದ್ಯ, ಮಾಡುವುದು ಈ ಮನೆಯ ಯಜಮಾನಿಕೆ. ಕಾರಿನ ಬೀಗದಕೈ, ನಮ್ಮ ಪಾಸ್‌ಪೋರ್ಟು ಎಲ್ಲ ಅವನ ಕಪಾಟಿನಲ್ಲಿ. ಒಂದು ದಿನ ಅವನನ್ನು ಅಡುಗೆಮನೆಗೆ ಕರೆದು ಕೂರಿಸಿದೆ. "ಮಗಾ, ನೀನು ಡಾಕ್ಟರು. ಅವರ ತಲೇಲಿ ಏನಾಗ್ತಿದೆ ನೋಡು" ಎಂದೆ. ಅವನು ಎರಡೂ ಕೈ ಎದೆಗಿಟ್ಟು, "ಡಾಕ್ಟರಾಗಿ ನೋಡಿದ್ರೆ ರೋಗ ಕಾಣಿಸುತ್ತೆ ಅಮ್ಮಾ. ಅದಕ್ಕೇ ನಾನು ಹಾಗೆ ನೋಡಲ್ಲ" ಎಂದ. ಅಂದರೆ ಅವನಿಗೂ ಗೊತ್ತು!

"ಹಾಗಾದ್ರೆ ನಮ್ಮನ್ನ ಕೈಸೇರಿಗೆ ಕಳಿಸು. ತಂಗಿ ಮಗಳ ಮದುವೆ. ಆಮೇಲೆ ಅಲ್ಲೇ ಇರ್ತೀವಿ, ಅಣ್ಣತಮ್ಮಂದಿರ ಮಧ್ಯೆ" ಎಂದೆ. "ಎಫೆಂದಿ ಅಪ್ಪಣೆ ಕೊಟ್ರೆ ನಾಳೆನೇ ಟಿಕೆಟ್ ತರ್ತೀನಿ" ಎಂದು ನನ್ನೆದುರಿಗೇ ಅವರ ಮುಂದೆ ಮಂಡಿಯೂರಿ ಕೇಳಿದ. ನಿನ್ನ ಭಾವ ಗಾಬರಿಯಾಗಿ, "ಬೇಡ ಬೇಡ, ನಾಳೆ ಬೆಳಗಿನ ಪಾಳಿ ಇದೆ, ಮೇಸ್ತ್ರಿ ಬಯ್ತಾನೆ" ಎಂದರು. ಎಲ್ಲರಿಗೂ ಕೇಳಿಸಿದ್ದು ಬೇಡ ಎಂಬುದೊಂದೇ. ಮೂರು ಸಲ ಕೇಳಿಸಿದೆ, ಮೂರು ಸಲವೂ ಅವರಿಗೆ ಪಾಳಿ. ಅಪ್ಪಣೆಯಿಲ್ಲದೆ ಈ ಮನೆಯಿಂದ ಯಾರೂ ಹೊರಡುವ ಹಾಗಿಲ್ಲ. ಅಪ್ಪಣೆ ಕೊಡುವವರಿಗೆ ತಾವೆಲ್ಲಿದ್ದೇವೆಂದೇ ಗೊತ್ತಿಲ್ಲ. ನನ್ನ ಸ್ಥಿತಿ ಹೇಗಿದೆ ನೋಡು. ನಾನು ಶಿಷ್ಯೆಯಲ್ಲ, ಒಬ್ಬಳೇ ಹೊರಟೇನು, ಅದನ್ನು ಯಾರೂ ತಡೆಯುವುದಿಲ್ಲ. ಅವರನ್ನು ಬಿಟ್ಟು ಬಂದು ನಿನ್ನ ಮನೆಯಲ್ಲಿ ತುತ್ತು ಇಳಿಯುತ್ತದೆಯೇ?

ಆದರೂ ಕೈಕಟ್ಟಿ ಕೂರಲಿಲ್ಲ. ಪೇಟೆಯ ತರಕಾರಿ ಅಂಗಡಿಯ ಹಮ್ದಿ, ನಮ್ಮ ತುರ್ಕಿಯ ಸಿವಾಸಿನವನೇ, ವಾರಕ್ಕೊಮ್ಮೆ ವ್ಯಾನಿನಲ್ಲಿ ಈರುಳ್ಳಿ ಇಳಿಸಲು ಬರುತ್ತಾನೆ. ನಿನ್ನ ಭಾವನನ್ನು ಅವನ ಪಕ್ಕದಲ್ಲಿ ಹತ್ತಿಸಿ, ನಾನು ಎಲೆಕೋಸಿನ ಮೇಲೆ ಕೂತು, ಪೇಟೆಯ ಡಾಕ್ಟರ ಹತ್ತಿರ ಹೋದೆವು. "ಅತ್ತಿಗೆ, ನಿಮ್ಮ ಸೂಫಿಗಳು ನನ್ನ ಚರ್ಮ ಸುಲೀತಾರೆ" ಎಂದು ಹಮ್ದಿ ದಾರಿಯುದ್ದಕ್ಕೂ ಗೊಣಗಿದ. ಚರ್ಮ ಯಾರೂ ಸುಲಿಯಲಿಲ್ಲ. ಹಿಂದೆಯೇ ಶಿಷ್ಯರೆಲ್ಲ ನಾಲ್ಕು ಕಾರಿನಲ್ಲಿ ಬಂದು, ಡಾಕ್ಟರ ಹೊರಕೋಣೆಯ ನೆಲದ ಮೇಲೆ ಸದ್ದಿಲ್ಲದೆ ಕೂತರು. ಕೆಮ್ಮಿನವರು, ಕಾಲು ಮುರಿದವರು ಕಣ್ಣುಬಿಟ್ಟುಕೊಂಡು ನೋಡುತ್ತಿದ್ದರು. ಕೂತ ಜನರನ್ನು ಕಂಡದ್ದೇ ತಡ, ನಿನ್ನ ಭಾವನ ಬೆನ್ನು ನೆಟ್ಟಗಾಯಿತು. ಬಿಸ್ಮಿಲ್ಲಾ ಎಂದವರು ಜರ್ಮನ್ನಿನಲ್ಲೇ ಬಾಯಾರಿದವನ ಬಗ್ಗೆ ಶಿಷ್ಯರ ಮುಂದೆ ಆಡುತ್ತಿದ್ದ ಹಳೆಯ ಉಪದೇಶದ ಮಾತನ್ನು ಎಲ್ಲೂ ತಡವರಿಸದೆ ಮೊದಲಿಂದ ಕೊನೆಯವರೆಗೆ ಆಡಿದರು. ಸಾವಿರ ಸಲ ಆಡಿದ್ದು, ಬಾಯಿಪಾಠವಾಗಿದೆ ಅಷ್ಟೇ. ಡಾಕ್ಟರು ಬಾಗಿಲಲ್ಲಿ ನಿಂತು ಪೂರ್ತಿ ಕೇಳಿದರು. ಕನ್ನಡಕ ತೆಗೆದು ಕಣ್ಣೊರೆಸಿಕೊಂಡು ನನಗೆ ಹೇಳಿದ್ದೇನು ಗೊತ್ತೇ? "ಇಂಥ ತಲೆ ನನಗೂ ಈ ವಯಸ್ಸಲ್ಲಿದ್ರೆ ಸಾಕಮ್ಮಾ." ಪರೀಕ್ಷೆಯೂ ಇಲ್ಲ, ಔಷಧಿಯೂ ಇಲ್ಲ. ನಿನ್ನೆ ಭಾನುವಾರ ಆ ಡಾಕ್ಟರೇ ಶಿಷ್ಯನಾಗುತ್ತೇನೆಂದು ನಮ್ಮ ಮನೆಗೆ ಬಂದರು. ಅತ್ತ ದರಿ ಇತ್ತ ಪುಲಿ ಎಂದು ಜನ ಸುಮ್ಮನೆ ಹೇಳುವುದಿಲ್ಲ ಸಬಿಹಾ.

ಹಾಗಾಗಿ ಪೆರಿಹಾನಳ ಮದುವೆಗೆ ನಾವು ಬರಲಾಗುವುದಿಲ್ಲ. ಅಳಬೇಕಾಗಿಲ್ಲ, ಮಗು ಮನಸ್ಸು ಚಿಕ್ಕದು ಮಾಡಿಕೊಳ್ಳದಂತೆ ನೋಡಿಕೋ. ನಾನು ಹೆಣೆದ ಮೇಜುಬಟ್ಟೆಯನ್ನು ಹಮ್ದಿಯ ಭಾವಮೈದುನನ ಕೈಯಲ್ಲಿ ಕಳಿಸುತ್ತೇನೆ. ಅಲ್ಲಾಹನು ಅವಳ ಮನೆಯನ್ನು ತುಂಬಿಡಲಿ. ಗಂಡಹೆಂಡಿರು ಒಂದೇ ದಿಂಬಿನ ಮೇಲೆ ಮುದುಕರಾಗಲಿ. ನೀನೂ ಬೆನ್ನುನೋವಿಗೆ ಬಿಸಿ ಇಟ್ಟಿಗೆಯ ಕಾವು ಕೊಟ್ಟುಕೋ, ಕೆಲಸಕ್ಕೆ ಕೊನೆಯಿಲ್ಲ. ಅಮ್ಮನ ಗೋರಿಯ ಬಳಿ ನನ್ನ ಹೆಸರಿನಲ್ಲೂ ಒಂದು ಫಾತಿಹಾ ಓದು.

ನಿನ್ನನ್ನು ಎತ್ತಿ ಆಡಿಸಿದ ಅಕ್ಕ,
ಮುಅಲ್ಲಾ

ಮರೆತ ಮಾತು: ಮರೆತದ್ದಲ್ಲ, ಬರೆಯುವುದೋ ಬೇಡವೋ ಎಂದು ಇಷ್ಟು ಹೊತ್ತು ಒದ್ದಾಡಿದೆ. ನಿನ್ನೆ ಡಾಕ್ಟರು ನಿನ್ನ ಭಾವನ ಕೈಹಿಡಿದು ಶಿಷ್ಯನಾಗಿ ಎದ್ದರು. ನಾನು ಟೀ ತಟ್ಟೆ ಹಿಡಿದು ಡಾಕ್ಟರ ಹಿಂದೆಯೇ ನಿಂತಿದ್ದೆ. ನಿನ್ನ ಭಾವ ಸಾಲಿನಲ್ಲಿ ಮುಂದಿನವಳು ನಾನೆಂದುಕೊಂಡರು. ತಟ್ಟೆಯನ್ನು ತೆಗೆದು ಪಕ್ಕಕ್ಕಿಟ್ಟು ನನ್ನ ಕೈಹಿಡಿದು ಕೂರಿಸಿಕೊಂಡರು. ಮುಖವನ್ನೇ ದಿಟ್ಟಿಸಿದರು, ಗುರುತಿನ ಒಂದು ಗೆರೆಯೂ ಅವರ ಕಣ್ಣಲ್ಲಿರಲಿಲ್ಲ. ಹೊಸಬರನ್ನೆಲ್ಲ ಕೇಳುವ ಪ್ರಶ್ನೆಯನ್ನು ನನ್ನನ್ನೂ ಕೇಳಿದರು: "ಏನನ್ನ ಬಿಟ್ಟು ಬಂದೆ, ಮಗಳೇ?" ಡಾಕ್ಟರು ಆಗಷ್ಟೇ ಸಿಗರೇಟು ಎಂದಿದ್ದರು.

"ಗಂಡನನ್ನ" ಎಂದೆ.

ಹಿಂದೆ ಎಲ್ಲರೂ ಬಿಕ್ಕಿದರು. ಎಂಥ ತ್ಯಾಗ ಎಂದಳು ಗೆರ್‌ಹಿಲ್ಡ್. ನಿನ್ನ ಭಾವ ಮಾತ್ರ ನನ್ನ ತಲೆ ನೇವರಿಸುತ್ತ, ತುಂಬ ಮೆಲ್ಲಗೆ, "ಒಳ್ಳೆಯವನಾಗಿದ್ದನಾ?" ಎಂದು ಕೇಳಿದರು.

"ಇದ್ದರು" ಎಂದೆ, ಸಬಿಹಾ. "ತುಂಬಾ ಒಳ್ಳೆಯವರಾಗಿದ್ದರು."