ಅಲಗು ಎತ್ತಿದ ಜಾಗ

ಲಾ ಬೊರಿ,
ಫೆಬ್ರವರಿ ೧೫, ೨೦೧೯

ಫಾಬಿಯೆನ್,

ನಿನ್ನೆ ಪಕ್ಕದ ಮನೆಯ ಇವೆಟ್‌ಳನ್ನು ಮಣ್ಣು ಮಾಡುವಾಗ ಎಲ್ಲರೆದುರು ನೀನು ಚಾಚಿದ ಕೈಯನ್ನು ನಾನು ಹಿಡಿಯಲಿಲ್ಲ. ಅಮ್ಮನಿಗೆ ವಯಸ್ಸಾಯಿತು, ಕಂಡಿರಲಿಕ್ಕಿಲ್ಲ ಎಂದು ಯಾರಿಗೋ ಹೇಳಿದೆಯಂತೆ. ಚೆನ್ನಾಗಿ ಕಂಡಿತ್ತು. ಬೇಕೆಂದೇ ಹಿಡಿಯಲಿಲ್ಲ.

ನೀನು ಶಾಸ್ತೆಲಾಕಿನ ಮೇಯರ್. ನಮ್ಮ ಕೇರಿಯ ಕೆಳಗಿನ ಐದು ಮನೆಗಳು ನಿನ್ನವು. ಮೇಲಿನ ಮೂರು, ನೀನು ಹುಟ್ಟಿದ ಮನೆಯೂ ಸೇರಿ, ಪಕ್ಕದ ವೆರ್ನ್ಯೋಲ್ ಪುರಸಭೆಗೆ ಸೇರಿದವು. ರಸ್ತೆ ಒಂದೇ, ಬೀಳುವ ಹಿಮವೂ ಒಂದೇ. ಆದರೆ ಹಿಮ ತಳ್ಳುವ ನಿನ್ನ ಗಾಡಿ ಗಡಿಯಲ್ಲಿರುವ ದೆಲ್ಪೆಶ್‌ನ ಕೊಟ್ಟಿಗೆ ದಾಟಿದ ಕೂಡಲೇ ಅಲಗು ಎತ್ತಿಕೊಂಡು ಹಿಂದಿರುಗುತ್ತದೆ. ವೆರ್ನ್ಯೋಲಿನ ಗಾಡಿ ಹದಿನಾಲ್ಕು ಕಿಲೋಮೀಟರ್ ಸುತ್ತಿ ಮಧ್ಯಾಹ್ನಕ್ಕೆ ಬಂದರೆ ಬಂತು.

ಹೋದ ಶುಕ್ರವಾರ ಬೆಳಗ್ಗೆ ಇವೆಟ್ ಕಟ್ಟಿಗೆ ತರಲು ಹೋಗಿ ಜಾರಿ ಸೊಂಟ ಮುರಿದುಕೊಂಡಳು. ಆಂಬುಲೆನ್ಸ್ ನಿನ್ನ ಗಾಡಿಯ ಹಿಂದೆಯೇ ಬಂತು. ಗಾಡಿ ನಿಂತಿತು, ಅದೂ ನಿಂತಿತು. ಅವಳ ಬಾಗಿಲಿಗೆ ಇನ್ನೂ ಮುನ್ನೂರು ಹೆಜ್ಜೆ, ಮೊಣಕಾಲು ಮುಳುಗುವ ಹಿಮ. ಗಾಡಿ ಓಡಿಸುವ ಬಾಸ್ತಿಯಾನ್ ನಿನಗೆ ಫೋನ್ ಮಾಡಿದ. ಆಂಬುಲೆನ್ಸಿಗೆ ದಾರಿ ತೋರಿಸಲು ಇಳಿದು ಬಂದಿದ್ದ ನಾನು ಪಕ್ಕದಲ್ಲೇ ಇದ್ದೆ. ನಿನ್ನ ಮಾತು ಅಕ್ಷರ ಅಕ್ಷರವೂ ಕೇಳಿಸಿತು.

"ಅದು ನಮ್ ರಸ್ತೆ ಅಲ್ಲ ಕಣಯ್ಯ. ಏನಾದ್ರೂ ಆದ್ರೆ ವಿಮೆಯವ್ರು ಒಪ್ಪಲ್ಲ. ಅಮ್ಮನ ಮನೆಗೆ ದಾರಿ ಮಾಡಿಸ್ಕೊಂಡ ಅಂತ ಕೌನ್ಸಿಲ್ಲಲ್ಲಿ ನನ್ನ ಹರಿದು ಹಾಕ್ತಾರೆ. ಎತ್ತು ಅಲಗು!"

ನಾನು ಫೋನ್ ಕಿತ್ತುಕೊಂಡು, "ಲೋ, ಸಾಯ್ತಾಳೆ ಕಣೋ ಅವಳು!" ಎಂದು ಕಿರುಚಿದೆ. "ಅಮ್ಮಾ, ಈಗ ಮಾತಾಡ್ತಿರೋದು ಮೇಯರು, ನಿನ್ ಮಗ ಅಲ್ಲ" ಎಂದು ಹೇಳಿ ಇಟ್ಟುಬಿಟ್ಟೆ ನೀನು.

ಬಾಸ್ತಿಯಾನ್ ಇಳಿದು ಬಂದು ಸ್ಟ್ರೆಚರಿನ ಒಂದು ತುದಿ ಹಿಡಿದ. ಅವಳನ್ನು ಹೊತ್ತು ತರುವಾಗ ಇಳಿಜಾರಿನಲ್ಲಿ ಮುಂದಿನವನ ಕಾಲು ಕುಸಿಯಿತು. ಇವೆಟ್ ಹಿಮಕ್ಕೆ ಬಿದ್ದಳು. ಅವಳನ್ನು ಮತ್ತೆ ಎತ್ತಿ ಕಟ್ಟಿಕೊಳ್ಳುವಷ್ಟರಲ್ಲಿ ಇಪ್ಪತ್ತು ನಿಮಿಷ. ಆ ನಡುಕದಲ್ಲೂ ಅವಳಿಗೆ ತಮಾಷೆ: "ಸೊಲಾಂಜ್, ನಾನೀಗ ಯಾರ ಊರಲ್ಲಿ ಬಿದ್ದಿದೀನೇ?" ನಾಲ್ಕನೇ ದಿನ ಎದೆಯಲ್ಲಿ ಕಫ ಕಟ್ಟಿ ಆಸ್ಪತ್ರೆಯಲ್ಲಿ ಹೋದಳು. ನಾನು ಹಾಲು ಕರೆಯಲು ಹೋದಾಗಲೆಲ್ಲ ನಿನ್ನನ್ನು ಸೊಂಟದ ಮೇಲೆ ಹೊತ್ತು ತಿರುಗಿದವಳು ಅವಳು. ಅವಳ ಶವದ ಮುಂದೆ ಮೇಯರ್‌ಗಿರಿಯ ತ್ರಿವರ್ಣದ ಪಟ್ಟಿ ಧರಿಸಿ ನಿಲ್ಲಲು ನಿನಗೆ ನಾಚಿಕೆಯಾಗಲಿಲ್ಲವೇ?

ಇಂದು ಬೆಳಗ್ಗೆ ವೆರ್ನ್ಯೋಲಿನ ಮೇಯರ್ ಶ್ರೀಮತಿ ಕೋಸ್ತೆರೂಸ್ ಅವರ ಬಳಿಗೆ ಹೋಗಿದ್ದೆ. ನಿನ್ನ ಗಾಡಿ ನಮ್ಮ ಮೂರು ಮನೆಗಳವರೆಗೂ ಬರಬಹುದೆಂಬ ಒಪ್ಪಂದ ಬರೆದು ಒಯ್ದಿದ್ದೆ, ಒಂದೇ ಪುಟ. "ಇಷ್ಟೇನಾ? ನಿಮ್ ಮಗ ಒಂದ್ ಮಾತು ಕೇಳಿದ್ರೆ ಯಾವತ್ತೋ ಮಾಡ್ಕೊಡ್ತಿದ್ದೆ" ಎಂದು ನಿಂತ ಕಾಲಲ್ಲೇ ಸಹಿ ಹಾಕಿದರು. ಹನ್ನೊಂದು ವರ್ಷ ಮೇಯರ್ ಆಗಿದ್ದೂ ನೀನು ಒಂದು ಮಾತು ಕೇಳಲಿಲ್ಲ. ಕಾಗದ ಇದರ ಜೊತೆಗಿದೆ. ಸಹಿ ಹಾಕು. ಅಲ್ಲಿಯವರೆಗೆ ಭಾನುವಾರದ ಊಟಕ್ಕೆ ಬರಬೇಡ.

ನಿನ್ನ ತಾಯಿ,
ಸೊಲಾಂಜ್ ವಿದಲಾಂಕ್

ತಾ.ಕ.: ಅಂಟಿಸಿದ ಲಕೋಟೆಯನ್ನು ಮತ್ತೆ ಹರಿದಿದ್ದೇನೆ. ೧೯೮೭ರಲ್ಲಿ ಈ ಮೂರು ಮನೆಗಳನ್ನು ಶಾಸ್ತೆಲಾಕಿಗೆ ಸೇರಿಸಬೇಕೇ ಎಂದು ಸರ್ಕಾರದವರು ಅಭಿಪ್ರಾಯ ಬರೆಯುವ ಪುಸ್ತಕ ಇಟ್ಟಿದ್ದರು. ಸೇರಿಸಿ ಎಂದು ಇವೆಟ್ ಬರೆದಳು, ನಿನ್ನಪ್ಪನೂ ಬರೆದರು. ಬೇಡವೆಂದು ಎರಡು ಪುಟ ಗೀಚಿ ಕೆಲಸ ಕೆಡಿಸಿದವಳು ನಾನು. ನಿನ್ನಪ್ಪನ ತಾಯಿ, ನಿನ್ನ ಅಜ್ಜಿ, ಕೆಳಗಿನ ಜಮೀನಿನ ಲೆಕ್ಕದಲ್ಲಿ ಆಗ ಶಾಸ್ತೆಲಾಕಿನ ಕೌನ್ಸಿಲ್‌ನಲ್ಲಿದ್ದರು. ಮನೆಯಲ್ಲಿ ಸಾಲದೆಂದು ಹೊರಗೂ ಅತ್ತೆಯ ಕೈಕೆಳಗೆ ಇರಲಾರೆ ಎಂಬ ಹಟ ನನಗೆ. ಇವೆಟ್‌ಗೆ ಇದು ಗೊತ್ತೇ ಇರಲಿಲ್ಲ. ಹಿಮದಲ್ಲಿ ಅವಳ ತಲೆ ನನ್ನ ತೊಡೆಯ ಮೇಲಿದ್ದಾಗ ಹೇಳಿಬಿಡಬೇಕೆನಿಸಿತು. ಆದರೆ, "ತಾಳೇ, ಫಾಬಿಯೆನ್ ಗಾಡಿ ಕಳಿಸ್ತಿದಾನೆ" ಎಂದೆ. ಅವಳು ನಂಬಿದಳು.