ಮೋಟನ ಬಾಯಿ ಕೆಂಪಗಿದ್ದಿದ್ದು

ಮುನೇಶಣ್ಣ,

ಮೋಟನ್ನ ಆಟೋದಲ್ಲಿ ಹಾಕ್ಕೊಂಡು ಚನ್ನಪಟ್ಟಣದ ದನದ ಆಸ್ಪತ್ರೆಗೆ ಹೋಗ್ತಾ ಇದೀನಿ. ಫೋನ್ ಮಾಡಬೇಡ. ನಿನ್ನ ದನಿ ಕೇಳಿದ್ರೆ ಮೈ ಉರೀತದೆ.

ಸಾರು ಒಲೆ ಮೇಲೈತೆ, ಮುದ್ದೆ ನೀನೇ ತಿರುವ್ಕೊ. ನಾಯಿ ಮೇಲೆ ಗುದ್ದಲಿ ಕಾವು ಮುರಿದ ತೋಳಿಗೆ ಅದೇನು ಕಷ್ಟ ಅಲ್ಲ.

ಕೋಳಿ ಕಾಣ್ತಿಲ್ಲ, ನಾಯಿ ಬಾಯಿ ಕೆಂಪಗೈತೆ, ಅಷ್ಟಕ್ಕೇ "ತಿಂದ್ಬುಟ್ಟ ಕಣಮ್ಮಿ ಬಡ್ಡೈದ" ಅಂತ ಕೂಗ್ಕೊಂಡು ಚಚ್ಚಿದೆಯಲ್ಲ, ಅದರ ಮೂತಿ ಒಂದ್ಸಲ ಮೂಸಿ ನೋಡಿದ್ಯಾ? ಹಿಪ್ಪುನೇರಳೆ ಹಣ್ಣು ಕಣಣ್ಣ ಅದು! ಬದುವಿನ ಮರದ ಕೆಳಗೆ ಉದುರಿದ್ದನ್ನ ತಿಂದೈತೆ. ರೇಷ್ಮೆ ಮನೇಲಿ ಹುಟ್ಟಿ ಆ ಬಣ್ಣ ಗೊತ್ತಾಗಲಿಲ್ವಾ ನಿಂಗೆ?

ಮೋಟ ವಾಂತಿ ಮಾಡ್ತಾ ಐತೆ ಅಂತ ಡಾಕ್ಟರಿಗೆ ಫೋನ್ ಮಾಡಿದ್ದೆ. ಬೇಲಿ ಲಂಟಾನದ ಕಾಯಿ ತಿಂದಿದ್ರೆ ವಿಷ, ಹಿಪ್ಪುನೇರಳೆ ಹಣ್ಣು ಒಸಿ ತಿಂದ್ರೆ ಏನೂ ಆಗಲ್ಲ, ಮರಕ್ಕೆ ಔಷಧಿ ಹೊಡೆದಿರಬಾರದು ಅಷ್ಟೇ ಅಂದ್ರು. ನಾವು ಹೊಡೆದಿಲ್ಲ. "ಮತ್ಯಾಕಮ್ಮ ವಾಂತಿ?" ಅಂದ್ರು. ನಮ್ಮಣ್ಣ ಹೊಟ್ಟೆಗೆ ಒದ್ದ ಅಂತ ಹೇಳಕ್ಕೆ ನಾಚಿಕೆ ಆಗಿ, ಕರ್ಕೊಂಡೇ ಬತ್ತೀನಿ ಅಂದೆ.

ಹುಳಕ್ಕೆ ಸೊಪ್ಪು ಹಾಕು. ಹಾಕುವಾಗ ಹುಳ ಗೂಡು ಕಟ್ಟೋ ಚಂದ್ರಂಕಿ ತಟ್ಟೆ ಹಿಂದೆ ಬಗ್ಗಿ ನೋಡು. ನಿನ್ನ ಕೋಳಿ ಅಲ್ಲೇ ಕಾವಿಗೆ ಕೂತೈತೆ. ಅದನ್ನೂ ಹೊಡೆದು ಎಬ್ಬಿಸಬೇಡ.

ಅವ್ವ ಬರೋದ್ರೊಳಗೆ ಜಗಲಿ ತೊಳೆದುಬುಡು. ಎರಡು ಕಲೆ ಅವೆ. ಬಾಗಿಲ ಹತ್ರದ್ದು ಹಣ್ಣಿಂದು. ಕಂಬದ ಹತ್ರದ್ದು ಏನು ಅಂತ ಈ ಸಲನಾದ್ರೂ ಮೂಸಿ ನೋಡು.

ಅಮೂಲ್ಯ