ರೂಬಿಯ ಮಯ್ಯತ್‌ಗೆ ಕಾದವರು

ಜನವರಿ 9, ಶುಕ್ರವಾರ

ಬೆಳಿಗ್ಗೆ ಕಣ್ಣುಜ್ಜುವ ಮೊದಲೇ ಫೋನ್. ಅಲ್ಲಾಳಸಂದ್ರದಲ್ಲಿ ಒಬ್ಬರು ಅಜ್ಜಿ ಹೋಗಿಬಿಟ್ಟಿದ್ದರು. ಸ್ಕೂಲ್ ಆಫೀಸಿಗೆ ಅರ್ಧ ದಿನ ರಜೆ ಹೇಳಿ ಓಡಿದೆ. ತೀರಿಕೊಂಡ ಹೆಂಗಸರಿಗೆ ಗುಸ್ಲ್, ಅಂದರೆ ಕೊನೆಯ ಸ್ನಾನ ಮಾಡಿಸುವುದನ್ನು ನನ್ನ ಅತ್ತೆಯಿಂದ ಕಲಿತದ್ದು. ಅತ್ತೆ ಹೋದ ಮೇಲೆ ಕೋಗಿಲು ಸುತ್ತಮುತ್ತ ಎಲ್ಲರೂ ನನ್ನನ್ನೇ ಕರೆಯುತ್ತಾರೆ. ಹೆಡ್‌ಮಿಸ್ ಮುಖ ಗಂಟು ಹಾಕಿಕೊಂಡರು. ಹಾಕಿಕೊಳ್ಳಲಿ. ಸಾಯುವವರು ಸ್ಕೂಲ್ ಟೈಮ್‌ಟೇಬಲ್ ನೋಡಿ ಸಾಯುತ್ತಾರಾ?

ಸಂಜೆ ಮನೆಗೆ ಬಂದರೆ ಬೀದಿ ತುಂಬ ಒಂದೇ ಮಾತು. ಜುಮ್ಮಾ ನಮಾಜ್ ಆದ ಮೇಲೆ ಮಸೀದಿ ಕಮಿಟಿಯವರು ಮೈಕಿನಲ್ಲೇ ಹೇಳಿದರಂತೆ. ಖಾದರ್ ಬಾಷಾ ಮನೆಯ ಶಾದಿಗೂ ಮಯ್ಯತ್‌ಗೂ, ಅಂದರೆ ಮದುವೆಗೂ ಸಾವಿಗೂ, ಜಮಾತಿನವರು ಯಾರೂ ಹೋಗಬಾರದು. ಕಾರಣ — ಹೋದ ಭಾನುವಾರ ಖಾದರ್ ಭಾಯಿ ಆ ಪಕ್ಷದ ಸ್ಟೇಜ್ ಹತ್ತಿ, ಅವರ ಬಣ್ಣದ ಶಾಲು ಹೊದ್ದು, ಹಲ್ಲು ಕಿರಿದು ನಿಂತ ಫೋಟೋ. ವಾಟ್ಸಾಪಿನಲ್ಲಿ ನನಗೇ ನಾಲ್ಕೈದು ಕಡೆಯಿಂದ ಬಂದಿತ್ತು.

ಆ ಮನೆಯಲ್ಲಿ ಮಕ್ಕಳಿಲ್ಲ. ಶಾದಿ ಎಲ್ಲಿಂದ ಬರಬೇಕು? ಉಳಿದದ್ದು ಮಯ್ಯತ್ ಒಂದೇ. ಅದು ಯಾರದೆಂದು ಮೈಕ್ ಹಿಡಿದವರಿಗೂ ಗೊತ್ತು. ಖಾದರ್ ಭಾಯಿ ಹೆಂಡತಿ ರೂಬಿಗೆ ಡಯಾಲಿಸಿಸ್ ಶುರುವಾಗಿ ಎರಡು ವರ್ಷವಾಯಿತು.

ಜನವರಿ 11, ಭಾನುವಾರ

ಹೋಗಿ ಬಂದೆ. ಹಾಡಹಗಲೇ ಹೋದೆ, ಎಲ್ಲರೂ ನೋಡಲಿ ಎಂದೇ.

ರೂಬಿ ನನ್ನ ಜೊತೆ ಯಲಹಂಕದ ಸರ್ಕಾರಿ ಸ್ಕೂಲಿನಲ್ಲಿ ಒಂದೇ ಬೆಂಚು. ಈಗ ಹಾಸಿಗೆಯಲ್ಲಿ ಇದ್ದಾಳೋ ಇಲ್ಲವೋ ಎನ್ನುವ ಹಾಗಿದ್ದಾಳೆ. ಪಕ್ಕದ ಮನೆಯ ಗೋಪಾಲಮ್ಮ ಗಂಜಿ ಕುಡಿಸುತ್ತಿದ್ದರು. ಅವರದು ಹಳೇ ಕೋಗಿಲಿನ ಮನೆತನ. ಕಮಿಟಿಯ ಮಾತು ಅವರನ್ನು ತಟ್ಟಿಲ್ಲ, ತಟ್ಟಿದರೂ ಕೇಳುವ ಹೆಂಗಸಲ್ಲ.

ಖಾದರ್ ಭಾಯಿಯನ್ನು ಹಜಾರದಲ್ಲಿ ಕೂರಿಸಿ ಚೆನ್ನಾಗಿ ಬೈದೆ. ಅವರದೊಂದು ಲೆಕ್ಕ. ಕಬರಸ್ತಾನದ ಪಕ್ಕ ಲೇಔಟ್ ಮಾಡಿದವನು ಕಾಂಪೌಂಡನ್ನು ಒಳಗೆ ಒಳಗೆ ತಳ್ಳುತ್ತಿದ್ದಾನೆ. ಜಾಗದ ಖಾತೆ ಮಾಡಿಸಿಕೊಡಿ ಎಂದು ಇಷ್ಟು ವರ್ಷ ನಾವು ಓಟು ಹಾಕಿ ಗೆಲ್ಲಿಸಿದವರನ್ನು ಕೇಳಿ ಕೇಳಿ ಸಾಕಾಯಿತಂತೆ. ಆ ಪಕ್ಷದವರು, ಕಾರ್ಪೊರೇಷನ್ ಎಲೆಕ್ಷನ್ ಆದ ತಿಂಗಳಲ್ಲಿ ಮಾಡಿಸುತ್ತೇವೆ ಎಂದರಂತೆ. “ಒಂದ್ ಶಾಲು ತಾನೇ ಭಾಬಿ” ಎಂದರು. ಮೈ ಉರಿಯಿತು. ಅದು ಬರೀ ಬಟ್ಟೆಯಲ್ಲ ಎಂದು ಈ ಮನುಷ್ಯನಿಗೆ ಗೊತ್ತಿಲ್ಲವೇ? ಗೊತ್ತಿದ್ದೂ ಹೊದ್ದರು. ಸತ್ತವರ ಜಾಗ ಉಳಿಸಲು ಬದುಕಿರುವವರ ಮಾನ ಅಡ ಇಟ್ಟರು.

ರೂಬಿ ಮಾತ್ರ ನಗುತ್ತಿದ್ದಳು. “ನಂಗೆ ಗುಸ್ಲ್ ನೀನೇ ಮಾಡಿಸ್ಬೇಕು ಬಾನೂ. ಬೇರೆಯವ್ರ ಕೈ ನಂಗೆ ಆಗಲ್ಲ. ನೀರು ಬೆಚ್ಚಗಿರ್ಲಿ.”

ಹೂಂ ಎಂದೆ.

ಜನವರಿ 16, ಶುಕ್ರವಾರ

ಅದ್ನಾನ್ ಮೂರು ದಿನದಿಂದ ನನ್ನ ಜೊತೆ ಸರಿಯಾಗಿ ಊಟಕ್ಕೆ ಕೂತಿಲ್ಲ. ಹೆತ್ತ ಮಗ. ಏರ್‌ಪೋರ್ಟ್ ಕ್ಯಾಬ್ ಓಡಿಸುತ್ತಾನೆ, ಕಮಿಟಿಯ ಹುಡುಗರಿಗೆ ಅವನೇ ಲೀಡರ್. ಅವರಪ್ಪ ಇದ್ದಿದ್ದರೆ… ಇರಲಿ.

ಇವತ್ತು ನಾನೇ ಕೆದಕಿದೆ. ಅವನು ಹೇಳಿದ್ದೆಲ್ಲ ಸುಳ್ಳಲ್ಲ. ಜಾತ್ರೆಯಲ್ಲಿ ನಮ್ಮವರ ಅಂಗಡಿ ಎತ್ತಿಸಿದವರು, ನಮ್ಮ ಹುಡುಗಿಯರನ್ನು ಕಾಲೇಜ್ ಗೇಟಿನಲ್ಲಿ ನಿಲ್ಲಿಸಿದವರು, ಅವರ ಪಕ್ಕ ನಿಂತು ನಗುವುದೆಂದರೇನು? ಒಬ್ಬ ಹೋದರೆ ನಾಳೆ ಹತ್ತು ಜನ, ಆಮೇಲೆ ಓಟು ಒಡೆಯುತ್ತದೆ, ನಮ್ಮನ್ನು ಕೇಳುವವರು ಇರುವುದಿಲ್ಲ. ಹೀಗೆ ಹೇಳುವಾಗ ಅವನ ಕಣ್ಣು ಒದ್ದೆಯಾಗಿತ್ತು. ಮಗ ಕೆಟ್ಟವನಲ್ಲ.

ಆದರೆ ನಂದಕುಮಾರ್ ಹೋದ ವಾರ ಮಸೀದಿ ಹಾಲಿನಲ್ಲೇ ಕೂತು ಚಹಾ ಕುಡಿದು ಹೋದನಲ್ಲ? ಅವನು ನಾವು ಇಷ್ಟು ವರ್ಷ ಓಟು ಹಾಕಿದ ಪಕ್ಷದ ಕ್ಯಾಂಡಿಡೇಟ್. ಜಮಾತಿನ ಓಟೆಲ್ಲ ಒಂದೇ ಕಡೆ ಎಂದು ಕಮಿಟಿ ಮಾತು ಕೊಟ್ಟಿದೆ. ಅದು ದೀನಿನ, ಧರ್ಮದ ಕೆಲಸ, ಖಾದರ್ ಭಾಯಿ ಮಾಡಿದ್ದು ಗದ್ದಾರಿ, ದ್ರೋಹವಾ ಎಂದು ಕೇಳಿದೆ.

ತಟ್ಟೆ ಬಿಟ್ಟು ಎದ್ದು ಹೋದ.

ಜನವರಿ 19, ಸೋಮವಾರ

ಸ್ಕೂಲಿನಿಂದ ಬರುವಾಗ ಹಜರತ್ ಮನೆಗೆ ಹೋದೆ. ಮಸೀದಿಯ ಹಿಂದಿನ ಎರಡು ರೂಮು. ಬೀದರ್ ಕಡೆಯವರು, ಒಳ್ಳೆಯ ಇಮಾಮ್, ಮಕ್ಕಳಿಗೆ ಹೊಡೆಯದೆ ಪಾಠ ಹೇಳುವವರು. ಪರದೆಯ ಈಚೆ ಕೂತು ನೇರವಾಗಿ ಕೇಳಿದೆ. ಕಮಿಟಿ ಬೇಡ ಎಂದರೆ ಗುಸ್ಲ್ ಮಾಡಿಸಬಾರದೇ?

ಅವರು ದನಿ ಇಳಿಸಿ, “ಮಯ್ಯತ್‌ಗೆ ಗುಸ್ಲ್ ಕೊಡೋದು ಫರ್ಜ್ ಆಪಾ, ಮಾಡ್ಲೇಬೇಕಾದ್ದು. ಯಾರೂ ಕೊಡ್ಲಿಲ್ಲ ಅಂದ್ರೆ ಇಡೀ ಮೊಹಲ್ಲಾ ಆ ಪಾಪ ಹೊರಬೇಕು. ಇದ್ರಲ್ಲಿ ಓಟು ಪಾಟು ಬರಲ್ಲ” ಎಂದರು.

ಎದೆಯ ಮೇಲಿನ ಕಲ್ಲು ಇಳಿಯಿತು. ಬರುವಾಗ ಅರ್ಧ ಕೆಜಿ ಕಿತ್ತಳೆ ತಂದೆ.

ಜನವರಿ 20, ಮಂಗಳವಾರ

ಅದ್ನಾನ್‌ಗೆ ಹೇಳಿದೆ. ನನ್ನ ಮಾತು ಬೇಡ, ಹಜರತ್ ಮಾತಾದರೂ ಕೇಳು ಎಂದು. ಅವನು ಕೂಗಾಡಲಿಲ್ಲ. ಯಾವಾಗ ಹೇಳಿದರು, ಹೇಗೆ ಹೇಳಿದರು ಎಂದು ಮೆತ್ತಗೆ ವಿಚಾರಿಸಿಕೊಂಡ. ಕಿತ್ತಳೆ ಸುಲಿದು ಕೊಟ್ಟ. ದಾರಿಗೆ ಬರುತ್ತಿದ್ದಾನೆ.

ಜನವರಿ 28, ಬುಧವಾರ

ಹಜರತ್ ಇಲ್ಲ.

ಎರಡು ರೂಮಿಗೂ ಬೀಗ. ಹೆಂಡತಿ, ಮಕ್ಕಳು, ಗ್ಯಾಸ್ ಸ್ಟೌವ್, ಚಾಪೆ ಎಲ್ಲ ಒಂದೇ ಟೆಂಪೋದಲ್ಲಿ ಹೋಯಿತಂತೆ. ಊರಿನಲ್ಲಿ ತಂದೆಗೆ ಹುಷಾರಿಲ್ಲ ಎಂದು ಕಮಿಟಿಯವರು ಹೇಳುತ್ತಾರೆ. ಅವರ ತಂದೆ ತೀರಿಕೊಂಡು ಎಷ್ಟೋ ಕಾಲವಾಯಿತು, ಅವರೇ ನನಗೆ ಹೇಳಿದ್ದರು. ಹೊಸ ಇಮಾಮ್ ಹುಡುಗ. ಕಮಿಟಿಯವರು ಮಾತಾಡುವಾಗ ತಲೆ ಎತ್ತುವುದಿಲ್ಲ.

ನಾನೇ ಮಾಡಿದ್ದು ಇದು. ಅವರು ದನಿ ಇಳಿಸಿದಾಗಲೇ ಅರ್ಥವಾಗಬೇಕಿತ್ತು. ಇಮಾಮರ ಮಾತೆಂದರೆ ಮಸೀದಿಯಲ್ಲಿ ನಡೆಯುತ್ತದೆ ಎಂದುಕೊಂಡು ಅವರ ಹೆಸರು ಹಿಡಿದು ಮನೆಯಲ್ಲಿ ಜಂಬ ಪಟ್ಟೆ. ಅವರಿಗೆ ಸಂಬಳ ಕೊಡುವುದು ಕಮಿಟಿ ಎನ್ನುವುದು ನೆನಪಾಗಲಿಲ್ಲ. ಎಂಥ ಪೆದ್ದಿ. ಮಕ್ಕಳ ಸ್ಕೂಲು ಅರ್ಧಕ್ಕೇ ನಿಂತಿತು.

ಅದ್ನಾನ್‌ನನ್ನು ಕೇಳಲಿಲ್ಲ. ಕೇಳಲು ಹೆದರಿಕೆಯಾಯಿತು. ಮಗನಿಗೆ ಹೆದರಿದ್ದು ಇದೇ ಮೊದಲು.

ಫೆಬ್ರವರಿ 4, ಬುಧವಾರ

ನಿನ್ನೆ ಶಬ್-ಎ-ಬರಾತ್. ಗಂಡಸರೆಲ್ಲ ತಮ್ಮ ತಮ್ಮವರ ಕಬರಿಗೆ ಹೂ ಹಾಕಿ ಫಾತಿಹಾ ಓದಲು ಹೋದರು. ಖಾದರ್ ಭಾಯಿಯೂ ಹೋದರಂತೆ, ತಾಯಿ ತಂದೆಯ ಕಬರು ಅಲ್ಲೇ ಇದೆ. ಗೇಟಿನಲ್ಲಿ ಹುಡುಗರು ಸಾಲಾಗಿ ನಿಂತಿದ್ದರಂತೆ. ಕೈ ಮಾಡಲಿಲ್ಲ, ಮಾತೂ ಆಡಲಿಲ್ಲ, ಜಾಗ ಬಿಡಲಿಲ್ಲ ಅಷ್ಟೇ. ಅವರು ಹೂವಿನ ಕವರನ್ನು ಕಾಂಪೌಂಡಿನ ಆಚೆಯಿಂದ ಎಸೆದು ವಾಪಸ್ ಬಂದರು. ಯಾವ ಕಬರಿನ ಮೇಲೆ ಬಿತ್ತೋ.

ಗೋಪಾಲಮ್ಮ ಇದನ್ನು ಹೇಳುವಾಗ ಸೆರಗಿನಲ್ಲಿ ಮೂಗು ಒರೆಸಿಕೊಂಡರು. ಹುಡುಗರಲ್ಲಿ ಅದ್ನಾನ್ ಇದ್ದನಾ ಎಂದು ಕೇಳಿದೆ. “ಗೊತ್ತಿಲ್ಲ ಕಣಮ್ಮ” ಎಂದರು. ಅವರಿಗೆ ಸುಳ್ಳು ಹೇಳಲು ಬರುವುದಿಲ್ಲ.

ಫೆಬ್ರವರಿ 8, ಭಾನುವಾರ

ರೂಬಿ ಡಯಾಲಿಸಿಸ್‌ಗೆ ಹೋಗುವುದಿಲ್ಲ ಎಂದು ಹಠ ಹಿಡಿದಿದ್ದಾಳೆ. ಕಾಲು ಬಾತಿದೆ. ನಾನು ಕೂತಿದ್ದಾಗಲೇ ಆ ಪಕ್ಷದವರು ಬಂದರು, ಮೂರು ಜನ, ಸೇಬಿನ ಬುಟ್ಟಿ ಸಮೇತ. ಒಬ್ಬನ ಕೈಯಲ್ಲಿ ಕ್ಯಾಮೆರಾ.

ರೋಗಿಯನ್ನು ಹೇಗಿದ್ದೀರಿ ಎಂದು ಕೇಳಿದ್ದು ಒಂದೇ ಸಲ. ಮಿಕ್ಕಿದ್ದೆಲ್ಲ ಹಜಾರದಲ್ಲಿ, ಮೆತ್ತಗೆ, ಆದರೆ ಬಾಗಿಲು ತೆಗೆದೇ ಇತ್ತು. “ಏನಾದ್ರೂ ಆದ್ರೆ ಫಸ್ಟ್ ನಮಗೆ ಕಾಲ್ ಮಾಡಿ ಸಾರ್. ಮೀಡಿಯಾ ನಾವ್ ಕರ್ಕೊಂಡ್ ಬರ್ತೀವಿ. ಹೆಣ ಎತ್ತಕ್ಕೂ ಬಿಡ್ದಿರೋ ಜನ ಇವ್ರು ಅಂತ ಇಡೀ ಸ್ಟೇಟ್ ನೋಡ್ಲಿ.” ಪೊಲೀಸ್ ಬಂದೋಬಸ್ತಿನಲ್ಲಿ, ಪಕ್ಷದ ಗಾಡಿಯಲ್ಲಿ, ಮಸೀದಿಯ ಮುಂದೆಯೇ ಮೆರವಣಿಗೆ ಮಾಡುತ್ತಾರಂತೆ. ಖಾದರ್ ಭಾಯಿ ಖಾತೆಯ ಮಾತು ಎತ್ತಿದರು. ಎಲೆಕ್ಷನ್ ಆಗ್ಲಿ ಸಾರ್ ಎಂದರು.

ಇವರಿಗೂ ರೂಬಿ ಸಾಯಬೇಕು. ಪಕ್ಷ ಬಿಟ್ಟವರ ಗತಿ ಇದು ಎಂದು ತೋರಿಸಲು ಕಮಿಟಿಯವರಿಗೂ ಸಾಯಬೇಕು. ಎಲೆಕ್ಷನ್ ಒಳಗೆ ಆದರೆ ಇಬ್ಬರಿಗೂ ಅನುಕೂಲ.

ಅವರು ಹೋದ ಮೇಲೆ ರೂಬಿ ಕಣ್ಣು ಮುಚ್ಚಿಕೊಂಡೇ ಹೇಳಿದಳು. “ನನ್ನ ಇಬ್ರ ಕೈಗೂ ಕೊಡ್ಬೇಡ ಬಾನೂ.”

ಈ ಸಲ ಅವಳು ನಗಲಿಲ್ಲ.

ಫೆಬ್ರವರಿ 12, ಗುರುವಾರ

ಇವತ್ತೋ ನಾಳೆಯೋ. ಉಸಿರು ಕೇಳಿದರೇ ಗೊತ್ತಾಗುತ್ತದೆ.

ಖಾದರ್ ಭಾಯಿ ಒಪ್ಪಿದ್ದಾರೆ. ಯಾರಿಗೂ ಫೋನ್ ಇಲ್ಲ, ನನಗೊಬ್ಬಳಿಗೇ. ಗುಸ್ಲ್ ಮುಗಿಸಿ ಕಫನ್ ಬಟ್ಟೆ ತೊಡಿಸಿದರೆ ಅವರ ತಮ್ಮಂದಿರು ಅಬ್ಬಿಗೆರೆಯಿಂದ ವ್ಯಾನ್ ತಂದು, ಬೀದಿ ಏಳುವ ಮುಂಚೆ ಅಲ್ಲಿನ ಕಬರಸ್ತಾನಕ್ಕೆ ಒಯ್ಯುತ್ತಾರೆ. ಜೊತೆಗೆ ಒಬ್ಬಳು ಬೇಕೆಂದು ನಾನೇ ಈ ಕೆಲಸ ಕಲಿಸಿದ ಗಜಾಲಾಳನ್ನು ಕೇಳಿದೆ. ಮಕ್ಕಳ ಮುಖ ನೋಡಿ ಬಿಟ್ಟುಬಿಡಿ ಆಪಾ ಎಂದು ಕಾಲಿಗೆ ಬಿದ್ದಳು. ಅವಳನ್ನು ಏನೆನ್ನಲಿ.

ಅದ್ನಾನ್ ಕೂತು ಮಾತಾಡಿದ, ಬಹಳ ದಿನದ ಮೇಲೆ. ಕೈ ಹಿಡಿದುಕೊಂಡೇ ಹೇಳಿದ.

“ಹೋಗ್ಬೇಡ ಅಮ್ಮೀ. ಹೋದ್ರೆ ನಾಳೆ ನಿನ್ ಮಯ್ಯತ್ ಕೂಡ ಯಾರೂ ಎತ್ತಲ್ಲ. ನಾನೂ ಎತ್ತಕ್ಕಾಗಲ್ಲ.”

ಇದೇ ಕೈಗೆ ಊಟ ಮಾಡುವುದು ಕಲಿಸಿದ್ದೆ. ಎದ್ದು ಪಾತ್ರೆ ತೊಳೆದೆ.

ಫೆಬ್ರವರಿ 13, ಶುಕ್ರವಾರ. ಬೆಳಿಗ್ಗೆ

ಫಜರ್ ನಮಾಜಿನ ಚಾಪೆ ಮಡಿಸುವಾಗ ಖಾದರ್ ಭಾಯಿ ಫೋನ್. ಅಳು ಮಾತ್ರ ಕೇಳಿಸಿತು.

ಬುರ್ಖಾ ಹಾಕಿಕೊಂಡು ಬಂದರೆ ಗ್ರಿಲ್ ಬಾಗಿಲಿಗೆ ಹೊರಗಿನಿಂದ ಬೀಗ. ಆಚೆ ಅದ್ನಾನ್. ಜುಮ್ಮಾ ಆಗುವವರೆಗೆ ಅಷ್ಟೇ ಎಂದ. ನನ್ನ ಒಳ್ಳೆಯದಕ್ಕೇ ಎಂದ. ಬೇಡಿದೆ. ಬೈದೆ. ಅವರಪ್ಪನ ಆಣೆ ಹಾಕಿದೆ. ಮುಖ ತಿರುಗಿಸಿಕೊಂಡು ಬೈಕ್ ಸ್ಟಾರ್ಟ್ ಮಾಡಿ ಹೋದ. ಎಲ್ಲಿಗೆ ಎಂದು ಹೇಳಲಿಲ್ಲ.

ಗೋಪಾಲಮ್ಮನಿಗೆ ಫೋನ್ ಮಾಡಿದೆ. ಅವರು ಆಗಲೇ ಅಲ್ಲಿದ್ದರು. “ನೀನ್ ಯೋಳಮ್ಮ, ಇಂಗ್ ಮಾಡು ಅಂಗ್ ಮಾಡು ಅಂತ. ನಾನ್ ಮಾಡ್ತೀನಿ. ನಮ್ ರೂಬಿ ಅಲ್ವಾ” ಎಂದರು.

ಆಗುತ್ತದೋ ಇಲ್ಲವೋ. ನಮ್ಮವರಲ್ಲದ ಹೆಂಗಸು ಗುಸ್ಲ್ ಕೊಟ್ಟರೆ ನಡೆಯುತ್ತದೋ ಇಲ್ಲವೋ. ಕೇಳೋಣ ಎಂದರೆ ಹಜರತ್‌ರನ್ನು ನಾನೇ ಊರು ಬಿಡಿಸಿದ್ದೇನೆ. ಯಾ ಅಲ್ಲಾ, ತಪ್ಪಾದರೆ ನನ್ನ ಮೇಲೆ ಹಾಕು, ಅವಳ ಮೇಲೆ ಬೇಡ.

ಫೋನ್ ಸ್ಪೀಕರ್‌ನಲ್ಲಿ ಇದೆ. ಅವರು ನೀರು ಕಾಯಿಸಿ ತರುವಷ್ಟರಲ್ಲಿ ಇಷ್ಟು ಬರೆದೆ.

ಮೈ ಮೇಲೆ ಬಟ್ಟೆ ಇರಲಿ, ಬಟ್ಟೆಯ ಕೆಳಗಿನಿಂದಲೇ ತೊಳೆಯಿರಿ ಎಂದೆ. ಹೂಂ ಎಂದರು. ಮೊದಲು ಕೈ, ಬಾಯಿ, ಮುಖ, ಆಮೇಲೆ ತಲೆ ಎಂದೆ. ಹೂಂ. ನೀರು ಬೆಚ್ಚಗಿದೆಯಾ ಎಂದೆ. ನನ್ನ ಕೈಗೆ ಹಿತವಾಗೈತೆ ಎಂದರು. ಈಗ ಬಲಗಡೆ, ಭುಜದಿಂದ ಕಾಲಿನವರೆಗೆ ಎಂದೆ. ಫೋನಿನಲ್ಲಿ ನೀರು ಬೀಳುವುದು ಕೇಳಿಸುತ್ತಿದೆ. ಗೋಪಾಲಮ್ಮ ಅಳುತ್ತಾ ಅವಳ ಜೊತೆ ಏನೋ ಮಾತಾಡುತ್ತಿದ್ದಾರೆ.

ಯಾರೋ ಬಾಗಿಲು ಬಡಿಯುತ್ತಿದ್ದಾರೆ. ಅಲ್ಲಿ, ಅವರ ಮನೆಯಲ್ಲಿ. ಒಬ್ಬರಲ್ಲ. ಬಹಳ ಜನ. ಕಮಿಟಿಯವರೋ ಕ್ಯಾಮೆರಾದವರೋ ದನಿಯಲ್ಲಿ ಗೊತ್ತಾಗುತ್ತಿಲ್ಲ. ಖಾದರ್ ಭಾಯಿ ಬೇಡ ಬೇಡ ಎನ್ನುತ್ತಿದ್ದಾರೆ.

“ಒಳಕ್ ಬತ್ತಾವ್ರೆ ಕಣಮ್ಮ” ಎಂದರು ಗೋಪಾಲಮ್ಮ.

ನಿಲ್ಲಿಸಬೇಡಿ ಎಂದೆ. ಅವಳ ಮೇಲೆ ಬಟ್ಟೆ ಹಾಕಿ, ನಿಲ್ಲಿಸಬೇಡಿ, ಎಡಗಡೆ ಇನ್ನೂ ಬಾಕಿ…